ಬುಟ್ಟಿಗಳು ಇಳಿಯದ ದಿನ

"ಅಮ್ಮಾ, ಉಮ್ ಶಹಾತಾ ಅಜ್ಜಿಗೆ ಮುಖ ಇದೆಯಾ?"

ಅಡುಗೆಮನೆ ಬಾಲ್ಕನಿಯ ಸರಳುಗಳ ನಡುವೆ ಮೂಗು ತೂರಿಸಿಕೊಂಡು ಕೆಳಗೆ ನೋಡುತ್ತಿದ್ದ ಜುಮಾನಾ ಹೀಗೆ ಕೇಳಿದಾಗ ರಿಹಾಬ್ ಒಗೆದ ಬಟ್ಟೆ ಒಣಹಾಕುತ್ತಿದ್ದಳು. ಬಾಯಲ್ಲಿ ಕಚ್ಚಿಕೊಂಡಿದ್ದ ಕ್ಲಿಪ್ಪು ತೆಗೆದು, "ಇಲ್ಲದೆ ಏನೇ? ಮುಖ ಎಲ್ಲರಿಗೂ ಇರುತ್ತೆ," ಅಂದಳು.

"ಮತ್ತೆ ನಂಗ್ಯಾಕೆ ಒಂದ್ಸಲಾನೂ ಕಂಡಿಲ್ಲ?"

ಮಗು ಕೇಳಿದ್ದರಲ್ಲಿ ತಪ್ಪಿರಲಿಲ್ಲ. ಐದನೇ ಮಹಡಿಯಿಂದ ನೋಡಿದರೆ ಉಮ್ ಶಹಾತಾ ಅಂದರೆ ಒಂದು ಕಪ್ಪು ಮುಸುಕಿನ ನೆತ್ತಿ, ಎರಡು ಕೈ, ಸುತ್ತ ಕೊತ್ತಂಬರಿ, ಸಬ್ಬಸಿಗೆ, ಎಳೆ ಈರುಳ್ಳಿ, ಮುಲೂಖಿಯಾ ಸೊಪ್ಪಿನ ಕಟ್ಟುಗಳು. ಕಟ್ಟಡದ ಹೆಬ್ಬಾಗಿಲು ಇರುವುದು ಟ್ರಾಮ್ ಓಡುವ ದೊಡ್ಡ ಬೀದಿಗೆ. ಅವಳು ಕೂರುವುದು ಹಿಂಬದಿಯ ಓಣಿಯಲ್ಲಿ, ಅಡುಗೆಮನೆಗಳ ಕೆಳಗೆ, ಗೋಡೆಗೆ ಬೆನ್ನು ಕೊಟ್ಟು. ಮನೆಯವರು ಆ ಓಣಿಗೆ ಹೋಗುವುದಿಲ್ಲ, ಅವಳು ಮೇಲೆ ಬರುವುದಿಲ್ಲ. ನಡುವೆ ಓಡಾಡುವುದು ಹಗ್ಗಕ್ಕೆ ಕಟ್ಟಿದ ಬುಟ್ಟಿ ಒಂದೇ.

ತಲೆಯೆತ್ತಿ ನೋಡುವುದು ಅವಳ ಪದ್ಧತಿಯೂ ಅಲ್ಲ. ಪಕ್ಕದ ಓಣಿಯ ನಿಂಬೆಹಣ್ಣಿನವನೊಬ್ಬ ಒಮ್ಮೆ ಬಾಯಿ ತೆರೆದುಕೊಂಡು ಬಾಲ್ಕನಿಗಳ ಕಡೆ ನೋಡುತ್ತ ನಿಂತಾಗ ಅವಳು ಬೈದದ್ದು ಐದನೇ ಮಹಡಿವರೆಗೂ ಕೇಳಿಸಿತ್ತು. "ಏಯ್, ಕತ್ತು ಇಳಿಸ್ಕೊಳೋ! ಹೆಣ್ಮಕ್ಕಳು ತಲೆ ಬಿಟ್ಕಂಡು ಬಟ್ಟೆ ಒಣಗಾಕ್ತಾವ್ರೆ. ಮ್ಯಾಕೆ ನೋಡೋದು ಅಂದ್ರೆ ಕದ ತಟ್ಟದೆ ಒಳಿಕ್ಕೆ ನುಗ್ಗಿದಂಗೆ!"

ಮೇಲಿನಿಂದ ಹಗ್ಗ ಇಳಿದರೆ ಸಾಕು, ಯಾವ ಮನೆಯದೆಂದು ಅವಳಿಗೆ ಗೊತ್ತಾಗುತ್ತಿತ್ತು. ಹಿಡಿ ಮುರಿದದ್ದು ಎರಡನೇ ಮಹಡಿಯ ದರ್ಜಿ ಹೆಂಗಸಿನದು. ನೀಲಿ ಪ್ಲಾಸ್ಟಿಕ್ಕಿನದು ಮೂರನೇ ಮಹಡಿಯ ಮದಾಮ್ ಇಜ್ಲಾಲ್‌ದು. ತಾಳೆಗರಿಯ ದೊಡ್ಡ ಬುಟ್ಟಿ, ಒಂದು ಕಡೆ ಕೆಂಪು ದಾರದಲ್ಲಿ ಹೊಲಿಗೆ ಹಾಕಿದ್ದು, ರಿಹಾಬ್‌ದು. ಅದನ್ನು ಅವಳ ತಾಯಿ ಮದುವೆಯಲ್ಲಿ ಸಾಮಾನಿನ ಜೊತೆ ಕಳಿಸಿದ್ದಳು. "ಅಲೆಕ್ಸಾಂಡ್ರಿಯಾದಲ್ಲಿ ಐದನೇ ಮಹಡಿ ಮನೆ ಅಂದ್ರೆ ಗಂಡ ಇಲ್ಲದಿದ್ರೂ ನಡೆಯುತ್ತೆ, ಬುಟ್ಟಿ ಇಲ್ಲದಿದ್ರೆ ನಡೆಯಲ್ಲ," ಎಂದು ತಾಯಿ ಹೇಳಿದ ಮಾತು ಆಗ ತಮಾಷೆ ಅನ್ನಿಸಿತ್ತು. ಬಂದು ನೋಡಿದರೆ ಲಿಫ್ಟು ಸತ್ತು ಯಾವ ಕಾಲವಾಗಿತ್ತೋ. ಮರದ ಬಾಗಿಲು, ಹಿತ್ತಾಳೆ ಹಿಡಿ, ಒಳಗೊಂದು ಕನ್ನಡಿ, ಎಲ್ಲ ಇತ್ತು. ಜೀವ ಮಾತ್ರ ಇರಲಿಲ್ಲ. ಕಾವಲುಗಾರ ಅದರೊಳಗೆ ಪೊರಕೆ, ಬಕೆಟ್ಟು ಇಡುತ್ತಿದ್ದ.

ಉಮ್ ಶಹಾತಾಳ ಅನ್ನ ಇದ್ದದ್ದು ಆ ಸತ್ತ ಲಿಫ್ಟಿನಲ್ಲಿ. ಅದು ಓಡಾಡಿಕೊಂಡಿದ್ದರೆ ಹೆಂಗಸರು ಇಳಿದು ಮಾರುಕಟ್ಟೆಗೆ ಹೋಗುತ್ತಿದ್ದರು.

ಅವಳು ತೆಂಕಣ ಸೀಮೆಯಿಂದ, ನೈಲ್ ನದಿಯ ಮೇಲ್ಭಾಗದ ಹಳ್ಳಿಯಿಂದ ಮದುವೆಯಾಗಿ ಬಂದವಳು. ಗಂಡ ಬಂದರಿನಲ್ಲಿ ಮೂಟೆ ಹೊರುತ್ತಿದ್ದ. ಮೊದಲೆರಡು ಮಕ್ಕಳು ಕೈಗೆ ಹತ್ತಲಿಲ್ಲ. ಮೂರನೆಯವನಿಗೆ ಶಹಾತಾ, ಅಂದರೆ ತಿರುಪೆ, ಎಂದು ಹೆಸರಿಟ್ಟರು. ತಿರುಪೆಯವನ ಮೇಲೆ ಯಾರ ಕಣ್ಣು ಬೀಳುತ್ತದೆ? ಹುಡುಗ ಉಳಿದ, ಗಂಡ ಉಳಿಯಲಿಲ್ಲ. ಮಗುವನ್ನು ಮುಸುಕಿನಲ್ಲಿ ಕಟ್ಟಿಕೊಂಡು ಒಂದು ಹೊರೆ ಸೊಪ್ಪು ತಂದು ಈ ಗೋಡೆಯ ಕೆಳಗೆ ಕೂತವಳು ಮತ್ತೆ ಏಳಲಿಲ್ಲ. ಅವಳಿಗೆ ಉಮ್, ಅಂದರೆ ತಾಯಿ, ಎಂಬ ಹೆಸರು ತಂದ ಆ ಶಹಾತಾ ಈಗ ಊರಾಚೆ, ಕೆರೆಯಂಚಿನ ಬಡಾವಣೆಯಲ್ಲಿ ಟುಕ್‌ಟುಕ್ ಓಡಿಸುತ್ತಾನೆ. ಒಂದೇ ಕೋಣೆ. ಸೊಸೆಗೂ ಅತ್ತೆಗೂ ಎಣ್ಣೆ ಸೀಗೆಕಾಯಿ. "ಮನೇಲಿ ನನ್ನ ಜಾಗ ಅಂದ್ರೆ ಚಾಪೆ ಹಾಸೋವಷ್ಟು, ಅದೂ ರಾತ್ರಿ ಮಾತ್ರ. ಹಗಲೊತ್ತು ನನ್ನ ಮನೆ ಈ ಗೋಡೆ ಕಣವ್ವ," ಎಂದು ರಿಹಾಬ್‌ಗೆ ಒಮ್ಮೆ ಕೂಗಿ ಹೇಳಿದ್ದಳು, ತಲೆಯೆತ್ತದೆ, ಸೊಪ್ಪಿನ ಜೊತೆ ಮಾತಾಡುವವಳ ಹಾಗೆ.

ಸೊಪ್ಪು ಮಾರುವುದಕ್ಕಿಂತ ಅವಳಿಗೆ ಹೆಸರು ತಂದದ್ದು ಕೂಸಾ ಕಾಯಿ. ಬೆರಳುದ್ದದ, ಎಳೆಸೌತೆಯಂಥ ಕಾಯಿ ಅದು. ತಿರುಳು ತೆಗೆದು ಒಳಗೆ ಅಕ್ಕಿ ತುಂಬಿ ಬೇಯಿಸಬೇಕು. ಸಿಪ್ಪೆ ಒಡೆಯದ ಹಾಗೆ ತಿರುಳು ತೆಗೆಯುವುದು ತಾಳ್ಮೆಯ ಕೆಲಸ. ಮನೆಮನೆಯವರು ಕಾಯಿಯನ್ನು ಬುಟ್ಟಿಯಲ್ಲಿ ಇಳಿಸಿದರೆ ಅವಳು ಉದ್ದನೆಯ ಟೊಳ್ಳು ಚಾಕುವಿನಲ್ಲಿ ಕೊರೆದು ಮೇಲೆ ಕಳಿಸುತ್ತಿದ್ದಳು. ಮದಾಮ್ ಇಜ್ಲಾಲ್ ಅಂತೂ ನೆಂಟರ ಮುಂದೆ ತಟ್ಟೆ ಇಟ್ಟು, "ಒಂದೊಂದೂ ನಾನೇ ಕೈಯಾರೆ ಕೊರೆದದ್ದು," ಎನ್ನುತ್ತಿದ್ದಳಂತೆ. ಅದು ಹೇಗೋ ಕೆಳಗಿನವರೆಗೆ ಬಂದು ಮುಟ್ಟಿತ್ತು.

"ಸುಳ್ಳೇನಲ್ಲ ಬಿಡಿ," ಅಂದಿದ್ದಳು ಉಮ್ ಶಹಾತಾ. "ಮದಾಮಿನ ಕೈ ಎರಡೂ ಓಣೀಲೇ ಕುಂತಿರ್ತಾವೆ. ಮ್ಯಾಲೆ ಇರೋದು ಉಂಗುರ."

ಜುಮಾನಾ ಹುಟ್ಟಿದ ಏಳನೇ ದಿನ ಮಗುವನ್ನು ಜರಡಿಯಲ್ಲಿ ಮಲಗಿಸಿ, ಕಿವಿಯ ಹತ್ತಿರ ಹಿತ್ತಾಳೆ ಒರಳು ಕುಟ್ಟಿ, "ಅಮ್ಮನ ಮಾತು ಕೇಳು, ಅಪ್ಪನ ಮಾತು ಕೇಳು" ಎಂದು ಹೆಂಗಸರು ಗದ್ದಲ ಮಾಡುತ್ತಿದ್ದಾಗ, ಕಡಲೆ, ಮಿಠಾಯಿಯ ಒಂದು ಪೊಟ್ಟಣವನ್ನು ರಿಹಾಬ್ ಬುಟ್ಟಿಯಲ್ಲಿ ಇಳಿಸಿದ್ದಳು. ತಿರುಗಿ ಬಂದ ಬುಟ್ಟಿಯಲ್ಲಿ ಕೆಂಪು ದಾರ ಕಟ್ಟಿದ ಮೆಂತ್ಯದ ಚೀಲ. ಬಾಣಂತಿಗೆ ಹಾಲು ಬರಲೆಂದು. ಬುಟ್ಟಿಯ ಹರಿದ ಕಡೆಗೆ ಅದೇ ದಾರದಲ್ಲಿ ಹೊಲಿಗೆಯೂ ಬಿದ್ದಿತ್ತು. ಮನೆ ತುಂಬ ಜನ. ಕೆಳಗಿನವಳನ್ನು ಮೇಲೆ ಕರೆಯಬೇಕೆಂದು ಯಾರಿಗೂ ಹೊಳೆಯಲಿಲ್ಲ. ಅವಳೂ ಬರುತ್ತೇನೆ ಎನ್ನಲಿಲ್ಲ.

ಓಣಿಗೆ ಒಂದು ಭಯವಿತ್ತು. ಬೀದಿ ವ್ಯಾಪಾರದವರ ಸಾಮಾನು ಎತ್ತಿಕೊಂಡು ಹೋಗುವ ಲಾರಿ. ಅದು ಟ್ರಾಮ್ ಬೀದಿಯಲ್ಲಿ ತಿರುಗುತ್ತಿದ್ದ ಹಾಗೆ ಯಾರೋ ಸಿಳ್ಳೆ ಹಾಕುತ್ತಿದ್ದರು. ಮಿಕ್ಕ ಓಣಿಗಳಲ್ಲಿ ನಿಂಬೆಯವನು, ಮೀನಿನವಳು, ಪ್ಲಾಸ್ಟಿಕ್ ಸಾಮಾನಿನವನು ಗಂಟು ಕಟ್ಟಿಕೊಂಡು ದಿಕ್ಕಾಪಾಲಾಗಿ ಓಡುತ್ತಿದ್ದರು. ಈ ಓಣಿಯಲ್ಲಿ ಮಾತ್ರ ಯಾರೂ ಓಡುತ್ತಿರಲಿಲ್ಲ. ಸಿಳ್ಳೆ ಕೇಳಿದೊಡನೆ ಮೇಲಿನಿಂದ ಏಳು ಬುಟ್ಟಿ ಸರ್ರನೆ ಇಳಿಯುತ್ತಿದ್ದವು. ಉಮ್ ಶಹಾತಾ ಸೊಪ್ಪಿನ ಕಟ್ಟುಗಳನ್ನು ಎಸೆಎಸೆದು ತುಂಬುತ್ತಿದ್ದಳು. ತಕ್ಕಡಿ ಒಂದರಲ್ಲಿ, ಕಲ್ಲು ಇನ್ನೊಂದರಲ್ಲಿ. ಲಾರಿ ಓಣಿಗೆ ಬರುವ ಹೊತ್ತಿಗೆ ಒಂದು ಅಂಗಡಿಗೆ ಅಂಗಡಿಯೇ ಗಾಳಿಯಲ್ಲಿ ಮೇಲೇರಿಹೋಗಿರುತ್ತಿತ್ತು. ಕೆಳಗೆ ಮುದುಕಿಯೊಬ್ಬಳು ಬರಿಗೈಯಲ್ಲಿ ಕೂತಿರುತ್ತಿದ್ದಳು.

"ಏನಜ್ಜಿ, ಇಲ್ಲೇನ್ ಮಾಡ್ತಿದ್ದೀಯಾ?"

"ನೆಳ್ಳಿಗೆ ಕುಂತಿವ್ನಿ ಮಗ. ನೆಳ್ಳಿಗೂ ಲಾರಿ ತಂದಿದ್ದೀರಾ?"

ಬಾಲ್ಕನಿಗಳಲ್ಲಿ ಹೆಂಗಸರು ಬಾಯಿಗೆ ಬಟ್ಟೆ ಒತ್ತಿಕೊಂಡು ನಗುತ್ತಿದ್ದರು. ಲಾರಿ ಹೋದಮೇಲೆ ಬುಟ್ಟಿಗಳು ಮತ್ತೆ ಇಳಿಯುತ್ತಿದ್ದವು. ಒಂದು ಎಲೆಯೂ ಕಡಿಮೆಯಾಗುತ್ತಿರಲಿಲ್ಲ. ಅದು ಈ ಕಟ್ಟಡದ ಮರ್ಯಾದೆಯ ಪ್ರಶ್ನೆಯಾಗಿತ್ತು.

ಮರ್ಯಾದೆಗೂ ಒಂದು ಬೆಲೆ ಇರುತ್ತದೆ. ಅದನ್ನು ಕಂಡುಹಿಡಿದವನು ಗಾಬಿರ್.

ಓಣಿಯ ಮೂಲೆಯ ಮುಚ್ಚಿದ ಅಂಗಡಿಯನ್ನು ಹಿಡಿದು ಅವನು ಕಾಫಿ ಅಂಗಡಿ ತೆರೆದಿದ್ದ. ಒಳಗೆ ಜಾಗ ಸಾಲದು. ಗೋಡೆಯುದ್ದಕ್ಕೂ ಕುರ್ಚಿ ಹಾಕಿ ಹುಕ್ಕಾ ಇಡಬೇಕು. ಗೋಡೆಯ ಕೆಳಗೆ ಉಮ್ ಶಹಾತಾ. ಅವನು ಜಗಳವಾಡಲಿಲ್ಲ. ದಿನವೂ ಅವಳಿಗೆ ಟೀ ಕಳಿಸಿ, "ಹಾಜಮ್ಮ, ನೀವು ನನ್ನ ತಾಯಿ ಸಮಾನ," ಎನ್ನುತ್ತಿದ್ದ. ಅವಳು ಟೀ ಕುಡಿದು ಲೋಟ ತೊಳೆದು ಕಳಿಸುತ್ತಿದ್ದಳು. "ನಾನು ಹಜ್ಜಿಗೂ ಹೋಗಿಲ್ಲ, ನಿನ್ನ ಹೆತ್ತೂ ಇಲ್ಲ. ಸಕ್ಕರೆ ಜಾಸ್ತಿ ಆಯ್ತು, ನಾಳೆಯಿಂದ ಕಮ್ಮಿ ಹಾಕು."

ಒಂದು ಶುಕ್ರವಾರ ಮಧ್ಯಾಹ್ನ, ನಮಾಜು ಮುಗಿದಮೇಲೆ, ಅವನು ಕೇಕಿನ ಡಬ್ಬ ಹಿಡಿದುಕೊಂಡು ಮದಾಮ್ ಇಜ್ಲಾಲ್‌ಳ ಪಡಸಾಲೆಗೆ ಬಂದ. ಏಳೂ ಮನೆಯವರು ಸೇರಿದ್ದರು. ಏಳನೇ ತಿಂಗಳ ಹೊಟ್ಟೆ ಹೊತ್ತುಕೊಂಡು ರಿಹಾಬ್ ಎರಡು ಮಹಡಿ ಇಳಿದು ಬಂದಿದ್ದಳು.

"ಲಿಫ್ಟು ನಾನು ಮಾಡಿಸ್ತೀನಿ," ಅಂದ ಗಾಬಿರ್. "ಹೊಸ ಮೋಟಾರು, ಹೊಸ ಹಗ್ಗ, ಕನ್ನಡಿ ಸಮೇತ. ನೀವು ಒಂದು ಕಾಸು ಕೊಡೋದು ಬೇಡ."

ಮದಾಮ್ ಇಜ್ಲಾಲ್ ತನ್ನ ಎರಡು ಮಂಡಿಗಳನ್ನೂ ಸವರಿಕೊಂಡು ಕೇಳಿದಳು: "ಅದಕ್ಕೆ ನಾವು ಆ ಮುದುಕೀನ ಎಬ್ಬಿಸಬೇಕಾ? ನಮ್ಮ ಕೈಲಾಗಲ್ಲಪ್ಪ. ಪಾಪ ಬರುತ್ತೆ."

"ಅಯ್ಯೋ ಮದಾಮ್, ಎಬ್ಬಿಸಿ ಅಂತ ಯಾರು ಅಂದ್ರು? ನೀವು ಏನೂ ಮಾಡೋದು ಬೇಡ. ಲಾರಿ ಬರೋದು ಬರುತ್ತೆ. ಆವತ್ತೊಂದಿನ ಬುಟ್ಟಿ ಇಳಿಸಬೇಡಿ. ಸಾಮಾನು ಹೋದಮೇಲೆ ಆಯಮ್ಮ ತಾನಾಗೇ ಮನೆ ಸೇರ್ಕೋತಾರೆ. ವಯಸ್ಸಾಯ್ತು, ವಿಶ್ರಾಂತಿ ಬೇಡ್ವಾ? ನೋಡಿ, ಏನೂ ಮಾಡದೆ ಇರೋದಕ್ಕೆ ಒಂದು ಲಿಫ್ಟು. ಇಡೀ ಊರಲ್ಲಿ ಯಾರು ಕೊಡ್ತಾರೆ?"

ಯಾರೂ ಹೂಂ ಅನ್ನಲಿಲ್ಲ. ಯಾರೂ ಬೇಡ ಅನ್ನಲಿಲ್ಲ. ಕೇಕು ಮಾತ್ರ ಖಾಲಿಯಾಯಿತು.

ಮೆಟ್ಟಿಲು ಹತ್ತುವಾಗ ರಿಹಾಬ್ ಪ್ರತಿ ತಿರುವಿನಲ್ಲೂ ನಿಂತು ಏದುಸಿರು ಬಿಟ್ಟಳು. ಗಂಡ ಹಾತಿಮ್ ನಿದ್ದೆ ಹೋಗಿದ್ದ ಜುಮಾನಾಳನ್ನು ಹೆಗಲಿಗೆ ಹಾಕಿಕೊಂಡಿದ್ದ.

"ಅವಳಿಗೆ ಮೊದಲೇ ಒಂದು ಮಾತು ಹೇಳಿಬಿಡೋಣ," ಅಂದಳು ರಿಹಾಬ್.

"ಹೇಳಿದ್ರೆ ಆವತ್ತು ಬರಲ್ಲ. ಮಾರನೇ ದಿನ ಬಂದು ಅಲ್ಲೇ ಕೂರ್ತಾಳೆ. ಆಮೇಲೆ ಗಾಬಿರ್ ಲಿಫ್ಟ್ ಮಾಡಿಸ್ತಾನಾ?" ಅಂದ ಅವನು. "ಕಳ್ಳತನ ಮಾಡ್ತಿದ್ದೀವೇನೇ? ನಿನ್ನ ಕಾಲು ನೋಡಿಕೋ, ಹೇಗೆ ಊದಿದೆ. ಇನ್ನೆರಡು ತಿಂಗಳಿಗೆ ಒಂದು ಮಗು ಕಂಕುಳಲ್ಲಿ, ಒಂದು ಕೈಯಲ್ಲಿ. ಗ್ಯಾಸ್ ಸಿಲಿಂಡರಿನವನು ಐದನೇ ಮಹಡಿ ಅಂದ ಕೂಡಲೇ ಕಿವುಡನಾಗ್ತಾನೆ. ಯೋಚನೆ ಮಾಡು."

ಅವನು ಹೇಳಿದ ಒಂದೊಂದು ಮಾತೂ ನಿಜ. ಅದೇ ಕಷ್ಟ.

ಎರಡು ದಿನ ಬಿಟ್ಟು ಬೆಳಗ್ಗೆ ಸಬ್ಬಸಿಗೆಗೆ ಬುಟ್ಟಿ ಇಳಿಸಿದಾಗ ರಿಹಾಬ್ ಸರಳಿಗೆ ಬಾಗಿ ಮೆಲ್ಲಗೆ ಕೂಗಿದಳು. "ಉಮ್ ಶಹಾತಾ, ಲಾರಿ ಬಂದ್ರೆ ನೀನೂ ಬೇರೆಯವರ ಹಾಗೆ ಓಡಿಬಿಡಮ್ಮ. ಈ ಬುಟ್ಟಿಗಳನ್ನ ನಂಬಿಕೊಂಡು ಕೂರಬೇಡ."

"ಯಾಕವ್ವ ಓಡ್ಲಿ?" ಕಪ್ಪು ನೆತ್ತಿ ಅಲ್ಲಾಡಿತು. ನಗುತ್ತಿದ್ದಳೆಂದು ಕಾಣುತ್ತದೆ. "ಓಡೋರು ಗತಿಗೆಟ್ಟೋರು. ನನಗೆ ಏಳು ಬುಟ್ಟಿ ಅವೆ."

ರಿಹಾಬ್ ಇನ್ನೂ ಏನೋ ಹೇಳಲು ಬಾಯಿ ತೆರೆದಳು. ಕೆಳಗೆ ಮೂರನೇ ಮಹಡಿಯ ಕಿಟಕಿ ತೆರೆದು ಮದಾಮ್ ಇಜ್ಲಾಲ್‌ಳ ನೀಲಿ ಬುಟ್ಟಿ ಹೊರಬಂತು. ರಿಹಾಬ್ ತನ್ನ ಬುಟ್ಟಿ ಎಳೆದುಕೊಂಡು ಒಳಗೆ ಹೋದಳು.

ಲಾರಿ ಬಂದದ್ದು ಮುಂದಿನ ವಾರ, ಬಿಸಿಲೇರಿದ ಹೊತ್ತಿನಲ್ಲಿ.

ಸಿಳ್ಳೆ ಕೇಳಿಸಿತು. ಪಕ್ಕದ ಓಣಿಯಲ್ಲಿ ಓಟ ಶುರುವಾಯಿತು. ನಿಂಬೆಯವನು ಚೀಲ ಹೆಗಲಿಗೇರಿಸಿ ಹಾದುಹೋಗುತ್ತ, "ಏಳಬೇ ಅಜ್ಜಿ!" ಎಂದು ಅರಚಿದ. ಉಮ್ ಶಹಾತಾ ಕೂಸಾ ಕಾಯಿ ಕೊರೆಯುತ್ತಿದ್ದಳು. ಅವಳು ಅವಸರ ಮಾಡಲಿಲ್ಲ. ಚಾಕು ಮಡಿಲಿಗಿಟ್ಟು ಸೊಪ್ಪನ್ನು ಏಳು ಗುಡ್ಡೆ ಮಾಡಿ, ತಕ್ಕಡಿಯ ಸರಪಳಿ ಸುತ್ತಿ, ಎರಡು ಕೈಯನ್ನೂ ಮೇಲಕ್ಕೆ ಚಾಚಿ ಕಾದಳು.

ಬುಟ್ಟಿ ಇಳಿಯಲಿಲ್ಲ.

ಕಿಟಕಿಗಳ ಕದ ಮುಚ್ಚಿಕೊಂಡವು. ಸದ್ದಾಗದ ಹಾಗೆ, ಒಂದಾದಮೇಲೊಂದು. ದರ್ಜಿ ಹೆಂಗಸಿನ ಹೊಲಿಗೆ ಯಂತ್ರ ಮಾತ್ರ ಒಳಗೆ ಜೋರಾಗಿ ಓಡತೊಡಗಿತು.

ರಿಹಾಬ್ ಬುಟ್ಟಿ ಹಿಡಿದುಕೊಂಡು ಬಾಲ್ಕನಿಯಲ್ಲಿ ನಿಂತಿದ್ದಳು. ಹಗ್ಗ ಕೈಯಲ್ಲೇ ಇತ್ತು. ಬಿಡಲಿಲ್ಲ. ಹೊಟ್ಟೆಯೊಳಗಿನದು ಒದೆಯಿತು. ಐದು ಮಹಡಿ ಕಣ್ಣ ಮುಂದೆ ಬಂದವು, ಊದಿದ ಪಾದ, ಸಿಲಿಂಡರು, ಗಂಡನ ಮಾತು. ಒಂದು ಬುಟ್ಟಿಯಲ್ಲಿ ಎಷ್ಟು ಹಿಡಿದೀತು, ಅದರಿಂದ ಏನಾದೀತು ಎಂದೂ ಅನ್ನಿಸಿತು.

"ಅಮ್ಮಾ, ಲಾರಿ! ಲಾರಿ ಬಂತು! ಬಿಡಮ್ಮಾ!" ಜುಮಾನಾ ಅವಳ ಲಂಗ ಹಿಡಿದು ಜಗ್ಗಿದಳು.

ಆಗ ಕೆಳಗಿನ ನೆತ್ತಿ ನಿಧಾನವಾಗಿ ಹಿಂದಕ್ಕೆ ವಾಲಿತು. ಮುಸುಕು ಜಾರಿತು. ಇಷ್ಟು ವರ್ಷ ಒಂದು ಕಿಟಕಿಯ ಕಡೆಗೂ ಕಣ್ಣೆತ್ತದವಳು ತಲೆಯೆತ್ತಿ ಒಂದೊಂದು ಮಹಡಿಯನ್ನೂ ನೋಡಿದಳು. ಮುಚ್ಚಿದ ಕದ, ಮುಚ್ಚಿದ ಕದ. ಕೊನೆಗೆ ಐದನೆಯದು. ಗಲ್ಲದ ಮೇಲೆ ಹಚ್ಚೆ, ಸುಕ್ಕು, ಬಿಸಿಲಿಗೆ ಕಿರಿದಾದ ಕಣ್ಣು.

"ಅಮ್ಮಾ, ಇದೆ! ಮುಖ ಇದೆ!" ಎಂದು ಮಗು ಕೂಗಿತು.

ರಿಹಾಬ್ ಹಗ್ಗ ಬಿಟ್ಟಳು. ಬುಟ್ಟಿ ಇಳಿಯತೊಡಗಿದಾಗ ಲಾರಿಯವರು ಆಗಲೇ ಗುಡ್ಡೆಗಳನ್ನು ಬಾಚುತ್ತಿದ್ದರು. ಸೊಪ್ಪು ಹೋಯಿತು, ಕ್ರೇಟುಗಳು ಹೋದವು, ತಕ್ಕಡಿ ಹೋಯಿತು, ಅವಳು ಕೂರುತ್ತಿದ್ದ ಮೆತ್ತೆಯೂ ಹೋಯಿತು. ಬುಟ್ಟಿ ನೆಲ ಮುಟ್ಟುವ ಹೊತ್ತಿಗೆ ಓಣಿಯಲ್ಲಿ ಉಳಿದದ್ದು ಮುದುಕಿ, ಅವಳ ಮಡಿಲಲ್ಲಿ ಒಂದು ಚಾಕು, ಒಂದಷ್ಟು ಕೂಸಾ ಕಾಯಿ.

ಅವಳು ಕಾಯಿಗಳನ್ನು ಎಣಿಸಿಕೊಂಡವಳ ಹಾಗೆ ಒಂದೊಂದಾಗಿ ಬುಟ್ಟಿಗೆ ಇಟ್ಟಳು. ಹಗ್ಗವನ್ನು ಎರಡು ಸಲ ಎಳೆದಳು, ಎಂದಿನಂತೆ.

"ಮದಾಮ್ ಇಜ್ಲಾಲ್‌ದು," ಎಂದು ಕೂಗಿದಳು. ದನಿ ಸ್ವಲ್ಪವೂ ಏರಿರಲಿಲ್ಲ. "ಕೊಟ್ಬುಡವ್ವ. ಕೊರೆದು ಮುಗಿದದೆ. ಒಂದು ಒಡೀತು, ಅದಕ್ಕೆ ಕ್ಷಮಿಸಬೇಕಂತೆ ಅಂತ ಯೋಳು."

ಆ ಕಾಯಿಗಳನ್ನು ರಿಹಾಬ್ ಮೂರನೇ ಮಹಡಿಗೆ ತೆಗೆದುಕೊಂಡು ಹೋದಾಗ ಮದಾಮ್ ಇಜ್ಲಾಲ್ ಬಾಗಿಲನ್ನು ಗೇಣಗಲ ತೆರೆದು ತಟ್ಟೆ ಈಸಿಕೊಂಡಳು. "ಪಾಪ," ಅಂದಳು. ಆಮೇಲೆ, "ಎಷ್ಟು ಚೆನ್ನಾಗಿ ಕೊರೀತಿದ್ದಳು," ಎಂದಳು, ಸತ್ತವರ ಬಗ್ಗೆ ಹೇಳುವ ಹಾಗೆ. ಸಂಜೆ ಮೆಟ್ಟಿಲ ತುಂಬ ಕೂಸಾ ಬೇಯುವ ವಾಸನೆ.

ಅಷ್ಟು ಹೊತ್ತಿಗೆ ಗೋಡೆಯುದ್ದಕ್ಕೂ ಗಾಬಿರ್‌ನ ಕುರ್ಚಿಗಳು ಬಂದಿದ್ದವು.

ಗಾಬಿರ್ ಮಾತಿಗೆ ತಪ್ಪುವವನಲ್ಲ. ಅದನ್ನು ಒಪ್ಪಬೇಕು. ಲಿಫ್ಟಿಗೆ ಹೊಸ ಮೋಟಾರು ಬಂತು, ಹಿತ್ತಾಳೆ ಹಿಡಿ ತಿಕ್ಕಿಸಿಕೊಂಡು ಫಳಫಳಿಸಿತು, ಕಾವಲುಗಾರ ತನ್ನ ಪೊರಕೆ ಬಕೆಟ್ಟು ಹೊರಗಿಟ್ಟ. ಮೊದಲ ದಿನ ಜುಮಾನಾ ಕೆಳಕ್ಕೂ ಮೇಲಕ್ಕೂ ಸಾಕಾಗುವಷ್ಟು ಓಡಾಡಿದಳು. ಕನ್ನಡಿಯಲ್ಲಿ ತನ್ನ ಮುಖ ನೋಡಿಕೊಂಡು, "ಅಜ್ಜೀನೂ ಕರ್ಕೊಂಡು ಬರೋಣ," ಅಂದಳು. ರಿಹಾಬ್ ಐದರ ಗುಂಡಿ ಒತ್ತಿದಳು. ಅವಳ ಕಾಲಿನ ಊತ ಇಳಿದಿತ್ತು. ಸಿಲಿಂಡರಿನವನು ಕೂಗಿದ ಕೂಡಲೇ ಬರುತ್ತಿದ್ದ. ಸೊಪ್ಪಿಗೆ ಮಾತ್ರ ಟ್ರಾಮ್ ಬೀದಿ ದಾಟಿ ಹೋಗಬೇಕಾಗಿತ್ತು. ಅಲ್ಲಿ ಬಾಡಿದ್ದನ್ನು ಒಳಗಿಟ್ಟು ಕಟ್ಟುತ್ತಾರೆ. ರಾತ್ರಿಯಾದರೆ ಹುಕ್ಕಾದ ಹೊಗೆ ನೇರ ಅಡುಗೆಮನೆಗೆ. ಬಾಲ್ಕನಿಯಲ್ಲಿ ತಲೆ ಬಿಟ್ಟುಕೊಂಡು ಬಟ್ಟೆ ಒಣಹಾಕಲು ಈಗ ಹೆಂಗಸರಿಗೆ ಸಂಕೋಚ. ಕುರ್ಚಿಯ ಗಂಡಸರು ಕತ್ತೆತ್ತಿ ನೋಡುತ್ತಾರೆ. ಅವರಿಗೆ ಬೈಯುವವರು ಯಾರೂ ಇಲ್ಲ.

ಒಂದು ಬೆಳಗ್ಗೆ ರಿಹಾಬ್ ಮಗುವಿನ ಕೈ ಹಿಡಿದು ಲಿಫ್ಟಿನಿಂದ ಹೊರಗೆ ಕಾಲಿಟ್ಟರೆ ಹೆಬ್ಬಾಗಿಲ ಬಳಿ ಕುಳ್ಳಗಿನ ಮುದುಕಿಯೊಬ್ಬಳು ನಿಂತಿದ್ದಳು. ಮೇಲಿನಿಂದ ನೋಡಿ ನೋಡಿ ಅವಳು ಇಷ್ಟು ಗಿಡ್ಡ ಎಂದು ರಿಹಾಬ್‌ಗೆ ಗೊತ್ತೇ ಇರಲಿಲ್ಲ. ಮೊದಲು ಗುರುತು ಹಿಡಿದದ್ದು ಜುಮಾನಾ.

"ಮುಖದಜ್ಜಿ!"

"ನಾನೇ ಕಣವ್ವ," ಅಂದಳು ಉಮ್ ಶಹಾತಾ. ಮಗುವಿನ ಕೆನ್ನೆ ಮುಟ್ಟಲು ಹೋಗಿ, ಕೈಗೆ ಮಣ್ಣಾಗಿದೆಯೇನೋ ಎಂದು ಮುಸುಕಿನ ಅಂಚಿಗೆ ಒರೆಸಿಕೊಂಡು, ಮುಟ್ಟದೆ ಬಿಟ್ಟಳು. ರಿಹಾಬ್‌ಳ ಹೊಟ್ಟೆ ನೋಡಿದಳು. "ಇಳಿದದೆ. ಈ ತಿಂಗಳೇ. ಮೆಂತ್ಯ ತಗಂಡಿದ್ದೀಯಾ?"

"ತಗೋತೀನಿ." ರಿಹಾಬ್‌ಗೆ ಎಲ್ಲಿ ನೋಡಬೇಕೋ ತಿಳಿಯಲಿಲ್ಲ. "ಈಗೆಲ್ಲಿ ಕೂರ್ತೀಯಮ್ಮ?"

"ಎಲ್ಲಿ ಕೂರ್ಲಿ? ಕೂತ್ರೆ ಎಬ್ಬಿಸ್ತಾರೆ. ನಮ್ಮ ಕಡೆ ಹೊಸಾ ಕಟ್ಟಡ ಎದ್ದವೆ. ಎತ್ತರಕ್ಕೆ ಅವೆ, ಲಿಫ್ಟು ಇಲ್ಲ. ಅಲ್ಲಿ ಸುತ್ತಾಡ್ತೀನಿ. ಆದ್ರೆ ಆ ಹೆಣ್ಮಕ್ಕಳಿಗೆ ಬುಟ್ಟಿ ಇಳಿಸೋ ರೂಢಿ ಇಲ್ಲ ಕಣವ್ವ. ಕೂಗ್ತಾವೆ, ನಾನು ಮ್ಯಾಕೆ ಹತ್ತಬೇಕು. ಮಂಡಿ ಕೇಳಲ್ಲ."

"ಮೇಲೆ ಬಾಮ್ಮ. ಒಂದು ಲೋಟ ಟೀ ಕುಡಿದು ಹೋಗುವೆಯಂತೆ," ಎಂದಳು ರಿಹಾಬ್. ಅಂದಮೇಲೆ, ಈ ಮಾತನ್ನು ತಾನು ಈವರೆಗೆ ಒಮ್ಮೆಯೂ ಆಡಿಲ್ಲವೆಂದು ಅವಳಿಗೇ ತಟ್ಟಿತು.

ಮುದುಕಿ ಲಿಫ್ಟಿನ ಹೊಳೆಯುವ ಹಿಡಿಯ ಕಡೆ ನೋಡಿದಳು. "ಇದ್ರಾಗಾ? ಬ್ಯಾಡವ್ವ. ನನ್ನ ಗೋಡೆ ಮಾರಿ ತಗಂಡಿದ್ದು, ನಾನೇ ಕುಂತು ಸವಾರಿ ಮಾಡ್ಲಾ?" ನಕ್ಕಳು. ನಗುವಿನಲ್ಲಿ ಮುಂದಿನ ಹಲ್ಲುಗಳಿರಲಿಲ್ಲ. "ನೀನೊಬ್ಬಳು ಇಳಿಸ್ದೆ. ತಡವಾಗಿ ಇಳಿಸ್ದೆ, ಆದ್ರೂ ಇಳಿಸ್ದೆ. ಅದಕ್ಕೇ ನಿನ್ನ ತಾವ ಬಂದೆ. ಒಂದು ಉಪಕಾರ ಮಾಡ್ತೀಯಾ?"

"ಹೇಳಮ್ಮ."

"ಆ ಬುಟ್ಟಿ ನನಗೆ ಕೊಟ್ಬುಡು, ಹಗ್ಗ ಸಮೇತ. ನಿನಗಿನ್ನ ಬ್ಯಾಡ. ಅಲ್ಲಿ ಯಾವಳಾದ್ರೂ ಒಬ್ಬ ಐದನೇ ಮಹಡಿಯವಳಿಗೆ ಕೊಟ್ಟು ರೂಢಿ ಮಾಡಿಸ್ತೀನಿ. ಒಬ್ಬಳು ಕಲಿತ್ರೆ ಮಿಕ್ಕೋರೂ ಕಲೀತಾರೆ."

"ಈಗಲೇ ತಂದುಕೊಡ್ತೀನಿ, ನಿಂತಿರು," ಎಂದು ರಿಹಾಬ್ ಲಿಫ್ಟಿನ ಬಾಗಿಲಿಗೆ ಕೈ ಹಾಕಿದಳು.

"ತರಬ್ಯಾಡ." ಉಮ್ ಶಹಾತಾ ಅವಳ ಮಣಿಕಟ್ಟು ಹಿಡಿದಳು. ಒರಟು ಕೈ, ಕೊತ್ತಂಬರಿಯ ವಾಸನೆ. "ಇದ್ರಾಗೆ ತಂದು ಕೈಗೆ ಕೊಟ್ರೆ ಭಿಕ್ಷೆ ಹಾಕಿದಂಗೆ ಆಯ್ತದೆ. ನಾನು ಹಿಂದಿನ ಓಣಿಗೆ ಹೋಗ್ತೀನಿ. ಆ ಗಾಬಿರ್ ಕುರ್ಚಿ ಹಾಕ್ಕಂಡಿರ್ಲಿ, ನೋಡ್ಕಂಡಿರ್ಲಿ, ನಾನು ನನ್ನ ಗೋಡೆ ಕೆಳಗೇ ನಿಂತ್ಕತೀನಿ. ನೀನು ಮ್ಯಾಲಿಂದ ಇಳಿಸು. ಬುಟ್ಟಿ ನನ್ನ ಕೈಗೆ ಸಿಕ್ಕಮ್ಯಾಕೆ ಎರಡು ಸಲ ಎಳೀತೀನಿ. ಆಗ ಹಗ್ಗದ ತುದಿ ಬಿಟ್ಬುಡು."